ಅವು ಗೋರಿಗಳಲ್ಲ, ಕಣಜಗಳು

ಹೋದ ತಿಂಗಳ ಸಂಚಿಕೆಯಲ್ಲಿ ಸ್ಕಾಟ್ಲೆಂಡಿನ ಒಂದು ದ್ವೀಪದ ಚಿತ್ರ ಹಾಕಿದ್ದೆವು. ಬಿಲ್ಲಿನಂತೆ ಬಾಗಿದ ಬೀದಿ, ಸೂರಿಲ್ಲದ ಮನೆಗಳ ಸಾಲು, ಹಿಂದೆ ಹಸಿರು ಗುಡ್ಡ. ಅಡಿಯಲ್ಲಿ ‘ಹಸಿವಿಗೆ ಖಾಲಿಯಾದ ಸಂತ ಕಿಲ್ಡಾನ ಊರು’ ಎಂದು ಬರೆದಿದ್ದೆವು. ಅದನ್ನು ನೋಡಿ ನಿವೃತ್ತ ಶಾಲಾ ಮೇಷ್ಟ್ರೊಬ್ಬರು ಪತ್ರ ಬರೆದಿದ್ದಾರೆ. ‘ಇಷ್ಟು ಅಚ್ಚುಕಟ್ಟಾಗಿ ಮನೆ ಕಟ್ಟಿಕೊಂಡವರು ಬರೀ ಹಸಿವಿಗೆ ಊರು ಬಿಟ್ಟರೇ? ನಂಬಿಕೆ ಬರುತ್ತಿಲ್ಲ. ಈ ಕಿಲ್ಡಾ ಯಾವ ಸಂತ? ಗುಡ್ಡದ ತುಂಬ ಕಾಣುವ ಕಲ್ಲಿನ ದಿಬ್ಬಗಳು ಗೋರಿಗಳಾ ಅಂತ ನನ್ನ ಮೊಮ್ಮಗಳು ಕೇಳುತ್ತಿದ್ದಾಳೆ, ಏನು ಹೇಳಲಿ?’ ಇದು ಅವರ ಪತ್ರದ ಸಾರ.

ಮೇಷ್ಟ್ರೇ, ನಿಮ್ಮ ಅನುಮಾನ ಸರಿ. ನಾವು ಬರೆದ ಒಂದು ಸಾಲಿನಲ್ಲಿ ಎರಡು ತಪ್ಪುಗಳಿದ್ದವು. ದಯವಿಟ್ಟು ಕ್ಷಮಿಸಿ. ಸಣ್ಣ ತಿದ್ದುಪಡಿ ಹಾಕಿ ಸುಮ್ನಾಗಲು ಮನಸ್ಸು ಬರಲಿಲ್ಲ. ಆ ಊರಿನ ಕಥೆ ಅಷ್ಟು ದೊಡ್ಡದು.

ಕಿಲ್ಡಾ ಎಂಬ ಹೆಸರಿನ ಸಂತ ಯಾರೂ ಇರಲಿಲ್ಲ. ಹಳೆಯ ನಕ್ಷೆಗಳಲ್ಲಿ ಹೇಗೋ ಸೇರಿಕೊಂಡ ಹೆಸರು ಅದು, ಹಾಗೇ ಉಳಿದುಬಿಟ್ಟಿತು. ಸೇಂಟ್ ಕಿಲ್ಡಾ ಅನ್ನುವುದು ಒಂದು ದ್ವೀಪವೂ ಅಲ್ಲ, ಒಂದು ಗುಂಪು. ಅದರಲ್ಲಿ ಜನ ಬಾಳಿದ ದೊಡ್ಡ ದ್ವೀಪ ಹಿರ್ಟಾ. ದೊಡ್ಡದು ಅಂದರೂ ಏಳು ಚದರ ಕಿಲೋಮೀಟರ್ ಕೂಡ ಇಲ್ಲ. ಸ್ಕಾಟ್ಲೆಂಡಿನ ಪಶ್ಚಿಮಕ್ಕೆ ಹೆಬ್ರಿಡೀಸ್ ದ್ವೀಪಗಳಿವೆ. ಅವುಗಳನ್ನೂ ದಾಟಿ ಅಟ್ಲಾಂಟಿಕ್ ಸಾಗರದಲ್ಲಿ ಸುಮಾರು 65 ಕಿಲೋಮೀಟರ್ ಹೋದರೆ ಹಿರ್ಟಾ ಸಿಗುತ್ತದೆ. ಮರ ಅನ್ನುವುದೇ ಇಲ್ಲದ ನೆಲ. ಒಂದು ಕಡೆ 400 ಮೀಟರಿಗೂ ಎತ್ತರದ ಕಡಿದಾದ ಬಂಡೆ ನೇರ ಕಡಲಿಗೆ ಇಳಿಯುತ್ತದೆ. ಇನ್ನೊಂದು ಕಡೆ ಒಂದು ಕೊಲ್ಲಿ, ಅದರ ದಂಡೆಯ ಮೇಲೆ ಆ ಒಂದೇ ಒಂದು ಬೀದಿ. ಊರು ಅಂದರೆ ಅಷ್ಟೇ.

ಈಗ ಮೊಮ್ಮಗಳ ಪ್ರಶ್ನೆಗೆ ಬರುತ್ತೇನೆ, ಏಕೆಂದರೆ ಅದರಲ್ಲೇ ನಿಮ್ಮ ಪ್ರಶ್ನೆಗೂ ಅರ್ಧ ಉತ್ತರ ಇದೆ. ಆ ದಿಬ್ಬಗಳು ಗೋರಿಗಳಲ್ಲ, ಕಣಜಗಳು. ಅಲ್ಲಿಯವರು ಅದನ್ನು ಕ್ಲೀಟ್ ಅನ್ನುತ್ತಿದ್ದರು. ಗಾರೆ ಇಲ್ಲದೆ ಕಲ್ಲಿನ ಮೇಲೆ ಕಲ್ಲಿಟ್ಟು ಕಟ್ಟಿದ ಗೋಡೆ, ಮೇಲೆ ಚಪ್ಪಡಿ, ಅದರ ಮೇಲೆ ಹುಲ್ಲುಸಮೇತ ಮಣ್ಣಿನ ಹೆಂಟೆ. ಕಲ್ಲಿನ ಸಂದಿಯಲ್ಲಿ ಗಾಳಿ ಆಡುತ್ತದೆ, ಮಳೆ ಮಾತ್ರ ಒಳಗೆ ಬರುವುದಿಲ್ಲ. ಹಾಗಾಗಿ ಒಳಗಿಟ್ಟದ್ದು ಕೊಳೆಯದೆ ಒಣಗುತ್ತದೆ. ಹಿರ್ಟಾ ಒಂದರಲ್ಲೇ ಇಂಥವು 1,200ಕ್ಕೂ ಜಾಸ್ತಿ ಇವೆ. ಹಕ್ಕಿಯ ಮಾಂಸ, ಮೊಟ್ಟೆ, ಗರಿ, ಹುಲ್ಲು, ಒಲೆಗೆ ಉರುವಲು, ಎಲ್ಲ ಅದರೊಳಗೇ. 1697ರಲ್ಲಿ ಮಾರ್ಟಿನ್ ಮಾರ್ಟಿನ್ ಎಂಬ ಪ್ರವಾಸಿ ಅಲ್ಲಿಗೆ ಹೋದಾಗ ಊರಿನಲ್ಲಿ ಇದ್ದವರು ಸುಮಾರು 180 ಜನ. ಅವರಿಗೆ ಇಷ್ಟು ಕಣಜ! ಹೊಟ್ಟೆಗಿಲ್ಲದೆ ಕೂತವರು ಕಟ್ಟುವ ಕಟ್ಟಡಗಳಲ್ಲ ಇವು, ಅಲ್ವಾ?

ಅವರ ಬದುಕು ನಿಂತಿದ್ದದ್ದು ಕಡಲ ಹಕ್ಕಿಗಳ ಮೇಲೆ. ಗ್ಯಾನೆಟ್, ಫುಲ್ಮರ್, ಪಫಿನ್ ಹಕ್ಕಿಗಳು ಲಕ್ಷಗಟ್ಟಲೆ ಆ ಬಂಡೆಗಳಲ್ಲಿ ಗೂಡು ಕಟ್ಟುತ್ತವೆ. ಗಂಡಸರು ಸೊಂಟಕ್ಕೆ ಹಗ್ಗ ಕಟ್ಟಿ, ಬರಿಗಾಲಿನಲ್ಲಿ ಬಂಡೆಯ ಮುಖದಲ್ಲಿ ಇಳಿಯುತ್ತಿದ್ದರು. ಮೇಲೆ ಹಗ್ಗ ಹಿಡಿದವನ ಕೈಯಲ್ಲಿ ಕೆಳಗಿನವನ ಪ್ರಾಣ. ಸಿಕ್ಕಿದ್ದನ್ನು ಊರಿನವರೆಲ್ಲ ಮನೆಮನೆಗೆ ಪಾಲು ಹಾಕಿಕೊಳ್ಳುತ್ತಿದ್ದರು. ಮಾಂಸ ಊಟಕ್ಕೆ, ಫುಲ್ಮರ್ ಎಣ್ಣೆ ದೀಪಕ್ಕೆ, ಗರಿ ಧಣಿಗೆ. ಸ್ಕೈ ದ್ವೀಪದ ಡನ್‌ವೆಗನ್ ಕೋಟೆಯ ಮ್ಯಾಕ್ಲೌಡ್ ಮನೆತನದವರು ಅವರ ಧಣಿಗಳು. ವರ್ಷಕ್ಕೊಮ್ಮೆ ಧಣಿಯ ಕಾರಭಾರಿ ದೋಣಿಯಲ್ಲಿ ಬಂದು ಗೇಣಿ ವಸೂಲಿ ಮಾಡುತ್ತಿದ್ದ. ಗೇಣಿ ದುಡ್ಡಿನಲ್ಲಲ್ಲ, ಗರಿ, ಎಣ್ಣೆ, ಉಣ್ಣೆ ಬಟ್ಟೆಯಲ್ಲಿ. ಕೊಲ್ಲಿಯ ದಂಡೆಯಲ್ಲಿ ಆ ಗರಿಯ ಉಗ್ರಾಣ ಈಗಲೂ ಇದೆ.

ಬೆಳಗಾದರೆ ಗಂಡಸರೆಲ್ಲ ಬೀದಿಯಲ್ಲಿ ಸೇರುತ್ತಿದ್ದರು. ಇವತ್ತು ಬಂಡೆಗೆ ಹೋಗುವುದೋ, ದೋಣಿ ತೆಗೆಯುವುದೋ, ಹೊಲಕ್ಕೆ ಇಳಿಯುವುದೋ ಎಂದು ಕೂಡಿ ತೀರ್ಮಾನ ಮಾಡುತ್ತಿದ್ದರು. ಅಧ್ಯಕ್ಷರಿಲ್ಲ, ಯಾರು ಬೇಕಾದರೂ ಮಾತಾಡಬಹುದು. ಹೊರಗಿನವರು ಇದಕ್ಕೆ ಸೇಂಟ್ ಕಿಲ್ಡಾದ ಪಾರ್ಲಿಮೆಂಟ್ ಅಂತ ಹೆಸರಿಟ್ಟರು. ಅಂಥ ಒಂದು ಸಭೆಯ ಹಳೆಯ ಫೋಟೋ ಇದೆ. ಗಡ್ಡದ ಗಂಡಸರು ಎರಡು ಸಾಲಿನಲ್ಲಿ ಎದುರುಬದುರಾಗಿ ನಿಂತಿದ್ದಾರೆ. ನನಗೆ ಆ ಫೋಟೋ ತುಂಬ ಇಷ್ಟ.

ಚಿತ್ರದಲ್ಲಿ ನೀವು ನೋಡಿದ ಮನೆಗಳು ಅಷ್ಟೇನೂ ಹಳೆಯವಲ್ಲ. 1830ರ ದಶಕದಲ್ಲಿ ನೀಲ್ ಮೆಕೆಂಜಿ ಎಂಬ ಪಾದ್ರಿಯ ಕಾಲದಲ್ಲಿ ಊರನ್ನು ಹೊಸದಾಗಿ ಸಾಲುಬೀದಿಯಾಗಿ ಕಟ್ಟಿದರು. ಆಗಿನ ಮನೆಗಳಿಗೆ ದಪ್ಪ ಕಲ್ಲುಗೋಡೆ, ಹುಲ್ಲಿನ ಸೂರು. ಒಂದೇ ಸೂರಿನಡಿ ಜನವೂ ದನವೂ. 1860ರ ಬಿರುಗಾಳಿಗೆ ಅವು ಹಾಳಾದವು. ಆಮೇಲೆ ಧಣಿ ಹೊರಗಿನಿಂದ ಕಲ್ಲುಕುಟಿಗರನ್ನು ಕರೆಸಿ 16 ಹೊಸ ಮನೆ ಕಟ್ಟಿಸಿದ. ಸತುವಿನ ತಗಡಿನ ಸೂರು, ಗಾಜಿನ ಕಿಟಕಿ. ನೋಡಲು ಚೆನ್ನಾಗಿದ್ದವು. ಆದರೆ ಹಳೆಯ ಮನೆಗಳಷ್ಟು ಬೆಚ್ಚಗಿರಲಿಲ್ಲ. ತಗಡು ಗಾಳಿಗೆ ಹಾರುತ್ತಿತ್ತು. ಹಳೆಯ ಮನೆಗಳು ದನದ ಕೊಟ್ಟಿಗೆಗಳಾದವು. ಅವುಗಳ ಗೋಡೆ ಇವತ್ತೂ ಹೊಸ ಮನೆಗಳ ನಡುವೆ ನಿಂತಿವೆ. ಬೀದಿಯಿಂದ ಸ್ವಲ್ಪ ಆಚೆಗೆ ಇಗರ್ಜಿ ಇದೆ. ದೀಪಸ್ತಂಭಗಳನ್ನು ಕಟ್ಟಿ ಹೆಸರಾದ ಎಂಜಿನಿಯರ್ ರಾಬರ್ಟ್ ಸ್ಟೀವನ್ಸನ್ ಅದರ ನಕ್ಷೆ ಮಾಡಿಕೊಟ್ಟವರು. ಅದಕ್ಕೆ ಅಂಟಿಕೊಂಡೇ ಶಾಲೆಯ ಒಂದು ಕೋಣೆ.

ಹಾಗಾದರೆ ಊರು ಯಾಕೆ ಖಾಲಿಯಾಯಿತು? ಆ ಊರಿಗೆ ಕಡಿಮೆಯಾದದ್ದು ಅನ್ನ ಅಲ್ಲ, ಕೈಗಳು. ಹಗ್ಗ ಹಿಡಿಯಲು, ದೋಣಿ ತಳ್ಳಲು ಇಷ್ಟು ಜನ ಗಂಡಸರು ಬೇಕೇ ಬೇಕು. ಅದಕ್ಕಿಂತ ಕಡಿಮೆಯಾದರೆ ಹಕ್ಕಿ ಎಷ್ಟಿದ್ದರೂ ಪ್ರಯೋಜನ ಇಲ್ಲ.

ಕೈಗಳು ಕಡಿಮೆಯಾಗುತ್ತ ಬಂದದ್ದು ನಿಧಾನವಾಗಿ. 1727ರಲ್ಲಿ ಮೂವರು ಗಂಡಸರು, ಎಂಟು ಹುಡುಗರು ಹಕ್ಕಿ ಹಿಡಿಯಲು ಸ್ಟ್ಯಾಕ್ ಆನ್ ಅರ್ಮಿನ್ ಎಂಬ ಕಡಲಬಂಡೆಗೆ ಹೋದರು. ಅವರನ್ನು ಬಿಟ್ಟುಬಂದ ದೋಣಿ ಮತ್ತೆ ಬರಲಿಲ್ಲ. ಊರಿಗೆ ಸಿಡುಬು ಹೊಕ್ಕಿತ್ತು, ದೋಣಿ ನಡೆಸುವವರೇ ಉಳಿದಿರಲಿಲ್ಲ. ಆ ಹನ್ನೊಂದು ಜನ ಚಳಿಗಾಲ ಪೂರ್ತಿ ಬೋಳು ಬಂಡೆಯ ಮೇಲೆ ಕಳೆದರು. ಮಾರನೆಯ ವರ್ಷದ ಮೇ ತಿಂಗಳಲ್ಲಿ ಧಣಿಯ ಕಡೆಯವರು ಬಂದು ಕರೆದುಕೊಂಡು ಹೋದಾಗ ಹನ್ನೊಂದು ಜನರೂ ಬದುಕಿದ್ದರು. ಊರಿನಲ್ಲಿ ಮಾತ್ರ ದೊಡ್ಡವರಲ್ಲಿ ಬಹುತೇಕ ಯಾರೂ ಇರಲಿಲ್ಲ. ಬೇರೆ ಕಡೆಯಿಂದ ಜನರನ್ನು ತಂದು ಊರು ತುಂಬಿಸಬೇಕಾಯಿತು. 1852ರಲ್ಲಿ 36 ಜನ ಆಸ್ಟ್ರೇಲಿಯಾಕ್ಕೆ ಹಡಗು ಹತ್ತಿದರು. ಅವರಲ್ಲಿ ಹಲವರು ದಾರಿಯಲ್ಲೇ ತೀರಿಕೊಂಡರು.

ಇದೆಲ್ಲಕ್ಕಿಂತ ನನ್ನನ್ನು ಕಾಡುವುದು ಕೂಸುಗಳ ಸಾವು. ಹತ್ತೊಂಬತ್ತನೆಯ ಶತಮಾನದಲ್ಲಿ ಅಲ್ಲಿ ಹುಟ್ಟಿದ ಕೂಸುಗಳಲ್ಲಿ ಅರ್ಧಕ್ಕಿಂತ ಜಾಸ್ತಿ ಒಂದೆರಡು ವಾರದೊಳಗೆ ಸಾಯುತ್ತಿದ್ದವು. ಎಂಟು ದಿನದ ಕಾಯಿಲೆ ಅಂತ ಅದಕ್ಕೆ ಹೆಸರು. ಅದು ಧನುರ್ವಾಯು, ಹೊಕ್ಕುಳದ ಗಾಯದಿಂದ ಮೈಗೆ ಏರುತ್ತಿತ್ತು. ಊರಿನವರು ದೇವರ ಇಚ್ಛೆ ಎಂದು ತಲೆಬಾಗಿದ್ದರು. ಆಂಗಸ್ ಫಿಡೆಸ್ ಎಂಬ ಪಾದ್ರಿ ಮಾತ್ರ ಒಪ್ಪಲಿಲ್ಲ. ಗ್ಲಾಸ್ಗೋಗೆ ಹೋಗಿ, ಹೆರಿಗೆಯ ಹೊತ್ತಿನಲ್ಲಿ ನಂಜಾಗದಂತೆ ಶುಚಿ ಮಾಡುವುದನ್ನು ಕಲಿತು ಬಂದರು. ಜನರ ಮನಸ್ಸು ಬದಲಿಸಲು ವರ್ಷಗಳೇ ಹಿಡಿದವು. 1890ರ ದಶಕದಲ್ಲಿ ಆ ಕಾಯಿಲೆ ನಿಂತಿತು. ಆ ಊರಿಗೆ ಯಾರಾದರೂ ಸಂತ ಇದ್ದರೆ ಅದು ಈತನೇ ಅಂತ ನನಗನ್ನಿಸುತ್ತದೆ.

ಅಷ್ಟರಲ್ಲಿ ಹೊರಗಿನ ಲೋಕ ಹತ್ತಿರ ಬಂದಿತ್ತು. ಬೇಸಿಗೆಯಲ್ಲಿ ಉಗಿಹಡಗುಗಳಲ್ಲಿ ಪ್ರವಾಸಿಗರು ಬರುತ್ತಿದ್ದರು. ಮೊದಲ ಮಹಾಯುದ್ಧದಲ್ಲಿ ನೌಕಾಪಡೆ ಅಲ್ಲಿ ವೈರ್‌ಲೆಸ್ ಕೇಂದ್ರ ಇಟ್ಟಿತು. 1918ರ ಮೇ 15ರಂದು ಜರ್ಮನ್ ಜಲಾಂತರ್ಗಾಮಿಯೊಂದು ಕೊಲ್ಲಿಗೆ ಬಂದು, ಮೊದಲು ಎಚ್ಚರಿಕೆ ಕೊಟ್ಟು, ಆಮೇಲೆ ಗುಂಡಿನ ಮಳೆಗರೆಯಿತು. ಜನ ಉಳಿದರು, ಒಂದು ಕುರಿಮರಿ ಸತ್ತಿತು. ಅದಾದ ಮೇಲೆ ತಂದಿಟ್ಟ ಫಿರಂಗಿ ಇವತ್ತೂ ಕಡಲ ಕಡೆ ಮುಖ ಮಾಡಿ ನಿಂತಿದೆ. ಶತ್ರುವಿನ ಮೇಲೆ ಒಂದು ಗುಂಡನ್ನೂ ಅದು ಹಾರಿಸಲಿಲ್ಲ.

ಯುದ್ಧದ ವರ್ಷಗಳಲ್ಲಿ ಊರಿಗೆ ಸಾಮಾನು, ಕಾಗದ, ಸುದ್ದಿ ತಪ್ಪದೆ ಬರುತ್ತಿದ್ದವು. ಸೈನಿಕರು ಹೋದ ಮೇಲೆ ಅದೆಲ್ಲ ನಿಂತಿತು. ಒಂಟಿತನ ಏನೆಂದು ಆಗ ಗೊತ್ತಾಯಿತು. ಹರೆಯದವರು ಒಬ್ಬೊಬ್ಬರಾಗಿ ಹೊರಟರು. 1920ರಲ್ಲಿ 73 ಜನ ಇದ್ದರು. 1928ರ ಹೊತ್ತಿಗೆ 37. 1930ರ ಜನವರಿಯಲ್ಲಿ ಕಾಯಿಲೆ ಬಿದ್ದ ಯುವತಿಯೊಬ್ಬಳು ಗ್ಲಾಸ್ಗೋ ಆಸ್ಪತ್ರೆಯಲ್ಲಿ ತೀರಿಕೊಂಡಳು. ಮೇ ತಿಂಗಳಲ್ಲಿ ಊರಿನವರು ತಾವೇ ಸರ್ಕಾರಕ್ಕೆ ಅರ್ಜಿ ಬರೆದರು. ಇಲ್ಲಿ ಇನ್ನು ಆಗುವುದಿಲ್ಲ, ನಮ್ಮನ್ನು ಕರೆದುಕೊಂಡು ಹೋಗಿ ಅಂತ. ಅಲ್ಲಿದ್ದ ನರ್ಸ್ ವಿಲಿಯಮಿನಾ ಬಾರ್ಕ್ಲೇ ಈ ಮಾತನ್ನು ಜನರ ಜೊತೆ ಕೂತು ಆಡಿದವರಲ್ಲಿ ಒಬ್ಬರು.

1930ರ ಆಗಸ್ಟ್ 29ರ ಬೆಳಿಗ್ಗೆ 36 ಜನ ಹೇರ್‌ಬೆಲ್ ಎಂಬ ನೌಕಾಪಡೆಯ ಹಡಗು ಹತ್ತಿದರು. ಕುರಿ ದನಗಳನ್ನು ಮೊದಲೇ ಸಾಗಿಸಿದ್ದರು. ನಾಯಿಗಳನ್ನು ಮಾತ್ರ ಕೊಲ್ಲಿಯಲ್ಲಿ ಮುಳುಗಿಸಿದರು. ಬರೆಯಲು ಕಷ್ಟವಾಗುತ್ತದೆ, ಬಿಟ್ಟರೆ ತಪ್ಪಾಗುತ್ತದೆ. ಪ್ರತಿ ಮನೆಯಲ್ಲಿ ಬೈಬಲ್ ತೆರೆದಿಟ್ಟು, ಪಕ್ಕದಲ್ಲಿ ಒಂದು ಪುಟ್ಟ ರಾಶಿ ಓಟ್ಸ್ ಕಾಳು ಇಟ್ಟು, ಬಾಗಿಲು ಹಾಕಿಕೊಂಡು ಹೊರಟರು. ಗಂಡಸರಿಗೆ ಸರ್ಕಾರ ಕೊಟ್ಟ ಕೆಲಸ ಅರಣ್ಯ ಇಲಾಖೆಯಲ್ಲಿ. ಒಂದೂ ಮರ ಇಲ್ಲದ ಊರಿನಿಂದ ಬಂದವರು ಮರ ನೆಡಲು ಹೋದರು. ಅಲ್ಲಿ ಹುಟ್ಟಿ, ಎಂಟು ವರ್ಷದವಳಾಗಿ ಆ ಹಡಗು ಹತ್ತಿದ್ದ ಒಬ್ಬರು 2016ರವರೆಗೂ ಬದುಕಿದ್ದರು. ಆ ಊರಿನಲ್ಲಿ ಹುಟ್ಟಿದವರಲ್ಲಿ ಕೊನೆಯವರು ಅವರೇ.

1957ರಿಂದ ಆ ದ್ವೀಪಗಳು ಸ್ಕಾಟ್ಲೆಂಡಿನ ನ್ಯಾಷನಲ್ ಟ್ರಸ್ಟ್ ಕೈಯಲ್ಲಿವೆ. ಕೆಲವು ಮನೆಗಳಿಗೆ ಮತ್ತೆ ಸೂರು ಹಾಕಿಸಿದ್ದಾರೆ, ಒಂದರಲ್ಲಿ ಪುಟ್ಟ ವಸ್ತುಸಂಗ್ರಹಾಲಯ ಇದೆ. 1986ರಲ್ಲಿ ಯುನೆಸ್ಕೊ ಇದನ್ನು ವಿಶ್ವಪರಂಪರೆಯ ತಾಣ ಎಂದಿತು, ಮೊದಲು ಪ್ರಕೃತಿಗಾಗಿ, 2005ರಲ್ಲಿ ಜನರ ಬದುಕಿಗಾಗಿಯೂ. ಬೀದಿಯಲ್ಲಿ ಈಗ ಮೇಯುವುದು ಸೊಯೇ ತಳಿಯ ಕಂದು ಕುರಿಗಳು. ಬಿಸಿಲಿಗೂ ಗಾಳಿಗೂ ಅವು ಕ್ಲೀಟ್‌ಗಳ ಒಳಗೆ ನುಗ್ಗುತ್ತವೆ.

ಮೊಮ್ಮಗಳಿಗೆ ಆ ಚಿತ್ರವನ್ನು ಇನ್ನೊಮ್ಮೆ ತೋರಿಸಿ. ಗೋರಿಗಳೂ ಆ ಊರಿನಲ್ಲಿವೆ. ಮನೆಗಳ ಸಾಲಿನ ಹಿಂದೆ, ಮೊಟ್ಟೆಯ ಆಕಾರದಲ್ಲಿ ಒಂದು ಕಲ್ಲಿನ ಗೋಡೆ ಇದೆ, ಅದರೊಳಗೆ. ಹೆಚ್ಚಿನವಕ್ಕೆ ಹೆಸರಿಲ್ಲ, ಬರೀ ಕಲ್ಲುಗಳು. ಎಂಟು ದಿನ ಬದುಕಿದ ಕೂಸುಗಳೂ ಅಲ್ಲೇ ಮಲಗಿವೆ.

– ಸಂಪಾದಕ