7.83 ಎಂದು ಬರೆದ ಋಷಿ ಯಾರು?

ಪ್ರಶ್ನೆ: ಮೇಡಂ, ನಮ್ಮ ಕುಟುಂಬದ ವಾಟ್ಸಾಪ್ ಗುಂಪಿಗೆ ‘ಅಂಕಚೈತನ್ಯ ಸಂಹಿತೆ’ ಅನ್ನೋ ಓಲೆಗರಿಯ ಫೋಟೋ ಬಂದಿದೆ. ಎರಡು ಸಾವಿರ ವರ್ಷ ಹಳೆಯದಂತೆ. ಒಂದೊಂದು ಅಂಕಿಗೂ ಪ್ರಜ್ಞೆಯ ಒಂದೊಂದು ಮಟ್ಟ ಇದೆಯಂತೆ. ಭೂಮಿಯ ಮಿಡಿತ 7.83 ಅಂತ ಋಷಿಗಳು ಆಗಲೇ ಬರೆದಿದ್ದರಂತೆ. ನಮ್ಮ ಭಾವ ಪೂರ್ತಿ ನಂಬಿದ್ದಾರೆ. ಫೋಟೋ ಕಳಿಸಿದ್ದೇನೆ, ನೋಡಿ ಹೇಳಿ.

ಉತ್ತರ: ಓಲೆಕಟ್ಟು ಬಿಚ್ಚಿ, ಧೂಳು ಒರೆಸಿ, ಪಟ್ಟಿ ಮಾಡುವ ಕೆಲಸದಲ್ಲೇ ಕೂದಲು ಬೆಳ್ಳಗಾದವಳು ನಾನು. ಹಾಗಾಗಿ ಮೊದಲು ಕಣ್ಣು ಹೋಗಿದ್ದು ಅಕ್ಷರದ ಕಡೆಗಲ್ಲ, ತೂತಿನ ಕಡೆಗೆ. ದಾರ ಪೋಣಿಸಲು ಗರಿಯಲ್ಲಿ ತೂತು ಇರುತ್ತದಲ್ಲ, ಬರೆಯುವವರು ಅದರ ಸುತ್ತ ಜಾಗ ಬಿಟ್ಟು ಬರೆಯುತ್ತಿದ್ದರು. ನಿಮ್ಮ ಫೋಟೋದಲ್ಲಿ ‘ಚೈತನ್ಯ’ದ ‘ತ’ ಅರ್ಧ ತೂತಿನೊಳಗೆ ಬಿದ್ದಿದೆ. ಅಂದರೆ ಮೊದಲು ಬರೆದು, ಆಮೇಲೆ ಕೊರೆದಿದ್ದಾರೆ. ಇನ್ನೊಂದು, ನಮ್ಮ ಕಡೆ ಗರಿಯ ಮೇಲೆ ಕಂಠ ಅನ್ನೋ ಚೂಪು ಮೊನೆಯ ಕಬ್ಬಿಣದ ಲೇಖನಿಯಿಂದ ಅಕ್ಷರ ಗೀರುತ್ತಿದ್ದರು. ಮೇಲೆ ಕಪ್ಪು ಬಳಿದು ಒರೆಸಿದರೆ ಗೀರಿನೊಳಗೆ ಮಾತ್ರ ಕಪ್ಪು ಉಳಿಯುತ್ತದೆ. ನಿಮ್ಮದರಲ್ಲಿ ಗೀರೇ ಕಾಣುವುದಿಲ್ಲ, ಬಣ್ಣ ಅಂಚಿನಿಂದಾಚೆ ಹರಡಿದೆ. ಕುಂಚದ ಕೆಲಸ.

ಆದರೆ ಗರಿ ಹೊಸದು ಅಂದ ಮಾತ್ರಕ್ಕೆ ಬರಹವೂ ಹೊಸದು ಅನ್ನೋಕೆ ಬರುವುದಿಲ್ಲ. ನಮ್ಮ ಹವೆಗೆ, ಹುಳಕ್ಕೆ ಗರಿ ಕೆಲವು ನೂರು ವರ್ಷ ಬಾಳಿದರೆ ಹೆಚ್ಚು. ಅದಕ್ಕೇ ಹಳೇ ಗ್ರಂಥಗಳನ್ನು ಮತ್ತೆ ಮತ್ತೆ ನಕಲು ಮಾಡುತ್ತಿದ್ದರು. ಎಷ್ಟೋ ಪ್ರತಿಗಳ ಕೊನೆಯಲ್ಲಿ ಒಂದು ಶ್ಲೋಕ ಸಿಗುತ್ತದೆ: ಬೆನ್ನು, ಸೊಂಟ, ಕತ್ತು ಮುರಿದು, ತಲೆ ತಗ್ಗಿಸಿ, ದೃಷ್ಟಿ ನೆಟ್ಟು ಕಷ್ಟಪಟ್ಟು ಬರೆದಿದ್ದೇನೆ, ಜೋಪಾನವಾಗಿ ಕಾಪಾಡಿ ಅಂತ. ಅದನ್ನು ಓದಿದಾಗಲೆಲ್ಲ ನನ್ನ ಕೈ ತಾನಾಗಿ ಸೊಂಟಕ್ಕೆ ಹೋಗುತ್ತಿತ್ತು.

ಸರಿ, ಒಳಗಿನ ಮಾತು ನೋಡೋಣ. ಕಳ್ಳ ಸಿಕ್ಕಿಬಿದ್ದಿರುವುದು ಅಲ್ಲೇ. 7.83 ಅನ್ನೋದು ಶೂಮಾನ್ ಅನುರಣನದ ಸಂಖ್ಯೆ. ನೆಲಕ್ಕೂ, ವಾತಾವರಣದ ಮೇಲ್ಗಡೆ ವಿದ್ಯುತ್ ಹರಿಯಬಲ್ಲ ಪದರವಾದ ಅಯಾನುಗೋಳಕ್ಕೂ ನಡುವಿನ ಜಾಗದಲ್ಲಿ ಮಿಂಚಿನಿಂದ ಏಳುವ ವಿದ್ಯುತ್ಕಾಂತೀಯ ಅಲೆಗಳಿವು. ಹೀಗೊಂದು ಇರಬೇಕು ಅಂತ ಜರ್ಮನಿಯ ಭೌತವಿಜ್ಞಾನಿ ಶೂಮಾನ್ ಲೆಕ್ಕ ಹಾಕಿ ಹೇಳಿದ್ದು 1952ರಲ್ಲಿ. ಅದು ಸೆಕೆಂಡಿಗೆ 7.83 ಬಾರಿ. ಋಷಿಗಳ ಹತ್ತಿರ ಸೆಕೆಂಡ್ ಎಲ್ಲಿತ್ತು? ಅವರದು ಘಳಿಗೆ, ವಿಘಳಿಗೆ. ಒಂದು ವಿಘಳಿಗೆ ಅಂದರೆ ನಮ್ಮ 24 ಸೆಕೆಂಡ್. ನಿಜವಾಗಿ ಗೊತ್ತಿದ್ದರೂ ಅವರು ಬರೆಯಬೇಕಾಗಿದ್ದದ್ದು ಸುಮಾರು 188! ಅದೂ ಅಂಕಿಯಲ್ಲಲ್ಲ. ಶ್ಲೋಕದಲ್ಲಿ ಸಂಖ್ಯೆ ಹೇಳಲು ಪದಗಳನ್ನೇ ಬಳಸುತ್ತಿದ್ದರು. ಆಕಾಶ ಅಂದರೆ 0, ವೇದ 4, ಚಂದ್ರ 1. ‘ಆಕಾಶ, ವೇದ, ಚಂದ್ರ’ ಅಂದರೆ ಬಲದಿಂದ ಎಡಕ್ಕೆ ಇಟ್ಟುಕೊಂಡು 140. ಇದರ ನಡುವೆ ದಶಾಂಶದ ಚುಕ್ಕಿ ಎಲ್ಲಿಂದ ಬರಬೇಕು?

ಭಾವನವರ ಜೊತೆ ಜಗಳ ಬೇಡ. ಪೂರ್ತಿ ಕಟ್ಟು ಎಲ್ಲಿದೆ, ಯಾರು ಬೇಕಾದರೂ ನೋಡಬಹುದಾ ಅಂತ ಸುಮ್ನೆ ಕೇಳಿ. ನಿಜವಾದ ಗ್ರಂಥ ಬಚ್ಚಿಟ್ಟುಕೊಳ್ಳುವುದಿಲ್ಲ. ಕೌಟಿಲ್ಯನ ಅರ್ಥಶಾಸ್ತ್ರದ ಓಲೆ ಮೈಸೂರಿನಲ್ಲಿ ಗ್ರಂಥಪಾಲಕ ಶಾಮಶಾಸ್ತ್ರಿಗಳ ಕೈಗೆ ಬಂತಲ್ಲ, 1909ರಲ್ಲಿ ಅವರು ಇಡೀ ಪಠ್ಯವನ್ನೇ ಅಚ್ಚು ಹಾಕಿಸಿದರು. ಆಮೇಲೆ ಬೇರೆ ಪ್ರತಿಗಳೂ ಸಿಕ್ಕವು, ಜನ ಹೋಲಿಸಿ ನೋಡಿದರು.

ಪ್ರಶ್ನೆ: ಹಾಗಾದರೆ ಅಂಕಿಗಳಲ್ಲೇ ಬರೆದ ನಮ್ಮ ಸಿರಿಭೂವಲಯವೂ ಕಟ್ಟುಕತೆಯೇ?

ಉತ್ತರ: ಅಲ್ಲ, ಅದನ್ನು ಇದರ ಜೊತೆ ಸೇರಿಸಬೇಡಿ. ಕುಮುದೇಂದು ಮುನಿಯ ಹೆಸರಿನ ಆ ಗ್ರಂಥದ ಪಠ್ಯ ಕಣ್ಣೆದುರಿಗಿದೆ. 27 ಸಾಲು, 27 ಕಂಬ, ಒಟ್ಟು 729 ಮನೆಗಳ ಚೌಕ. ಮನೆಗಳಲ್ಲಿ 1ರಿಂದ 64ರವರೆಗಿನ ಅಂಕಿಗಳು, ಒಂದೊಂದು ಅಂಕಿಗೆ ಒಂದೊಂದು ಧ್ವನಿ. ಗೊತ್ತಾದ ದಾರಿಯಲ್ಲಿ ಮನೆಯಿಂದ ಮನೆಗೆ ಹೋದರೆ ಸಾಂಗತ್ಯ ಛಂದಸ್ಸಿನ ಕನ್ನಡ ಪದ್ಯ ಹೊರಡುತ್ತದೆ. ನೀವೂ ಪೆನ್ಸಿಲ್ ಹಿಡಿದು ಕೂತು ನೋಡಬಹುದು. ಜಾಣರ ಕೆಲಸ ಅದು, ನನಗಂತೂ ಬಹಳ ಇಷ್ಟ. ಅದರ ಕಾಲದ ಬಗ್ಗೆ ವಿದ್ವಾಂಸರಲ್ಲಿ ಜಗಳ ಮುಗಿದಿಲ್ಲ. ಜಗತ್ತಿನ ವಿಜ್ಞಾನವೆಲ್ಲ, ನೂರಾರು ಭಾಷೆಗಳೆಲ್ಲ ಅದರೊಳಗಿವೆ ಅನ್ನೋದನ್ನು ಯಾರೂ ತೋರಿಸಿಕೊಟ್ಟಿಲ್ಲ. ಚೌಕವನ್ನು ನಂಬಿ, ಭಾಷಣವನ್ನು ಬಿಡಿ.

ಪ್ರಶ್ನೆ: ಆ ಸಂಹಿತೆ ಸುಳ್ಳೇ ಇರಲಿ, ಅದು ಹೇಳಿದ ಹಾಗೆ ಕಣ್ಣು ಮುಚ್ಚಿ ಉಸಿರಿನ ಜೊತೆ ಎಣಿಸಿದರೆ ನನಗೆ ಮನಸ್ಸು ತಣ್ಣಗಾಗುತ್ತದೆ. ಈಗ ಎರಡನೇ ಹಂತದ ಶಿಬಿರಕ್ಕೆ ದುಡ್ಡು ಕೇಳುತ್ತಿದ್ದಾರೆ. ಅದರಲ್ಲಿ 1008ರವರೆಗೆ ಎಣಿಸಬೇಕಂತೆ. ಹೋಗಲೇ?

ಉತ್ತರ: ತಣ್ಣಗಾಗುವುದು ನಿಜವೇ ಇರಬೇಕು. ಅದಕ್ಕೆ ಕಳ್ಳ ಓಲೆಯ ಸಾಕ್ಷಿ ಬೇಡ, ಒಳ್ಳೇ ಸಾಕ್ಷಿಯೇ ಇದೆ. ಐದನೇ ಶತಮಾನದಲ್ಲಿ ಬೌದ್ಧ ವಿದ್ವಾಂಸ ಬುದ್ಧಘೋಷ ಪಾಳಿಯಲ್ಲಿ ಬರೆದ ವಿಸುದ್ಧಿಮಗ್ಗ ಅನ್ನೋ ಗ್ರಂಥದಲ್ಲಿ ಉಸಿರು ಎಣಿಸುವ ಕ್ರಮ ಇದೆ. ಐದಕ್ಕಿಂತ ಮೊದಲು ನಿಲ್ಲಿಸಬೇಡಿ, ಹತ್ತು ದಾಟಬೇಡಿ, ನಡುವೆ ತುಂಡು ಮಾಡಬೇಡಿ ಅನ್ನುತ್ತಾನೆ. ಕಾರಣವನ್ನೂ ಕೊಡುತ್ತಾನೆ. ಐದರೊಳಗೆ ನಿಲ್ಲಿಸಿದರೆ ಇಕ್ಕಟ್ಟಾದ ದೊಡ್ಡಿಯಲ್ಲಿ ಕೂಡಿಹಾಕಿದ ದನಗಳ ಹಾಗೆ ಮನಸ್ಸು ಗಲಿಬಿಲಿಯಾಗುತ್ತದೆ. ಹತ್ತು ದಾಟಿದರೆ ಮನಸ್ಸು ಉಸಿರು ಬಿಟ್ಟು ಅಂಕಿಯನ್ನೇ ಹಿಡಿದುಕೊಳ್ಳುತ್ತದೆ. ಎಣಿಸಿ ಎಣಿಸಿ ಪಳಗಿದವರು ಹೇಳುವ ಮಾತಿದು, ಅಲ್ವಾ? ಅಂಕಿಗೆ ಇಲ್ಲಿ ಯಾವ ಮಹಿಮೆಯೂ ಇಲ್ಲ. ಗಮನ ಉಸಿರಿನ ಮೇಲೆ ತಾನಾಗಿ ನಿಂತ ಮೇಲೆ ಎಣಿಕೆಯನ್ನೇ ಬಿಟ್ಟುಬಿಡಿ ಅನ್ನುತ್ತದೆ ಆ ಗ್ರಂಥ.

ನಿಮ್ಮ ಶಿಬಿರದವರದು ತಿರುಗಾಮುರುಗಾ. ಹಂತ ಏರಿದ ಹಾಗೆ ಅಂಕಿಯೂ ಏರುತ್ತದೆ, ಜೊತೆಗೆ ಶುಲ್ಕವೂ. ದುಡ್ಡು ಕಟ್ಟಬೇಡಿ. ಮನೆಯಲ್ಲೇ ಹತ್ತರವರೆಗೆ ಎಣಿಸಿ, ಮತ್ತೆ ಒಂದರಿಂದ ಶುರು ಮಾಡಿ.