ಇಂಗ್ಲೆಂಡಿನ ಸಣ್ಣ ಹಳ್ಳಿಯೊಂದರಲ್ಲಿ ನೋಡುವಂಥ ಪರಂಪರೆ ಏನಿದೆ?

ಕೋಟೆ, ಅರಮನೆಗಳನ್ನು ಬಿಟ್ಟು ಒಂದು ಸಾಧಾರಣ ಹಳ್ಳಿಯ ಪರಂಪರೆಯನ್ನು ನೋಡಬೇಕೆಂದು ಕೇಳಿದ್ದೀರಿ. ನಾಟಿಂಗ್‌ಹ್ಯಾಮ್‌ಶೈರಿನ ಲ್ಯಾಕ್ಸ್ಟನ್‌ಗೆ ಹೋಗಿ. ನಾರ್ಮನ್ನರ ಕೋಟೆಯ ಮಣ್ಣುದಿಬ್ಬ, ಹಳೆಯ ಚರ್ಚು ಅಲ್ಲಿಯೂ ಇವೆ. ಆದರೆ ಅಂಥವು ಆ ದೇಶದ ಎಷ್ಟೋ ಊರುಗಳಲ್ಲಿ ಸಿಗುತ್ತವೆ. ಲ್ಯಾಕ್ಸ್ಟನ್ನಿನಲ್ಲಿ ನೋಡಬೇಕಾದದ್ದು ಹೊಲ.

ಊರಿನ ಸುತ್ತ ಬೇಲಿಯಿಲ್ಲದ ಮೂರು ದೊಡ್ಡ ಬಯಲುಗಳಿವೆ: ವೆಸ್ಟ್ ಫೀಲ್ಡ್, ಸೌತ್ ಫೀಲ್ಡ್, ಮಿಲ್ ಫೀಲ್ಡ್. ಪ್ರತಿ ರೈತನ ಜಮೀನು ಈ ಮೂರರಲ್ಲೂ ಉದ್ದುದ್ದ ಪಟ್ಟಿಗಳಾಗಿ ಚದುರಿದೆ. ಒಂದು ಬಯಲಿಗೆ ಚಳಿಗಾಲದ ಗೋಧಿ, ಇನ್ನೊಂದಕ್ಕೆ ವಸಂತದ ಬಿತ್ತನೆ, ಮೂರನೆಯದು ಬೀಳು ಅಥವಾ ಮೇವಿಗೆ. ಮರುವರ್ಷ ಸರದಿ ಬದಲಾಗುತ್ತದೆ. ಮಧ್ಯಯುಗದ ಇಂಗ್ಲೆಂಡಿನ ಬಹುಭಾಗ ಹೀಗೆಯೇ ಉಳುತ್ತಿತ್ತು. 18 ಮತ್ತು 19ನೇ ಶತಮಾನಗಳಲ್ಲಿ ಪಾರ್ಲಿಮೆಂಟಿನ ಕಾಯಿದೆಗಳ ಬಲದಿಂದ ಇಂಥ ಬಯಲುಗಳನ್ನು ಒಟ್ಟುಗೂಡಿಸಿ, ಬೇಲಿ ಹಾಕಿ ಹಂಚಿದಾಗ ಲ್ಯಾಕ್ಸ್ಟನ್ ಉಳಿದುಕೊಂಡಿತು. ಅಲ್ಲಿನ ದೊಡ್ಡ ಭೂಮಾಲೀಕರ ನಡುವೆ ಒಮ್ಮತ ಮೂಡದಿದ್ದುದು ಅದಕ್ಕೊಂದು ಕಾರಣ. ಮಾಲೀಕರ ಜಗಳದಿಂದ ಊರಿಗೆ ಒಳ್ಳೆಯದಾದ ಅಪರೂಪದ ಪ್ರಸಂಗವಿದು! 1635ರಲ್ಲಿ ಪಟ್ಟಿ ಪಟ್ಟಿಯನ್ನೂ ಅಳೆದು ಬರೆದ, ಉಳುವವರ ಮತ್ತು ಕೊಯ್ಯುವವರ ಪುಟ್ಟ ಚಿತ್ರಗಳಿರುವ ನಕ್ಷೆ ಈಗ ಆಕ್ಸ್‌ಫರ್ಡಿನ ಬಾಡ್ಲಿಯನ್ ಗ್ರಂಥಾಲಯದಲ್ಲಿದೆ.

ನಾನು ಹೋದದ್ದು ನವೆಂಬರ್ ಕೊನೆಯಲ್ಲಿ, ಊರಿನ ಜ್ಯೂರಿ ಹೊಲ ನೋಡಲು ಹೊರಡುವ ದಿನ. ಅದರ ಸದಸ್ಯರೆಲ್ಲ ಅಲ್ಲಿನ ರೈತರೇ. ಆ ವರ್ಷ ಗೋಧಿ ಬಿತ್ತಿದ ಬಯಲಿನಲ್ಲಿ ನಡೆಯುತ್ತಾ, ಯಾರಾದರೂ ದಾರಿಯನ್ನೋ ಹುಲ್ಲಿನ ಅಂಚನ್ನೋ ಸೇರಿಸಿ ಉತ್ತಿದ್ದಾರೆಯೇ ಎಂದು ನೋಡುತ್ತಾರೆ. ಸರಿಯಾದ ಗಡಿಯಲ್ಲಿ ಮರದ ಗೂಟ ಬಡಿಯುತ್ತಾರೆ. ನಮ್ಮ ತಾತನ ಬದುವಿನ ಒತ್ತುವರಿ ಹನ್ನೊಂದು ವರ್ಷ ಕೋರ್ಟಿನಲ್ಲಿ ಅಲೆದದ್ದನ್ನು ಕಂಡಿದ್ದ ನನಗೆ, ಆ ಗೂಟದ ಮೇಲೆ ಬಿದ್ದ ನಾಲ್ಕು ಪೆಟ್ಟು ತೀರ್ಪಿನಂತೆಯೇ ಕೇಳಿಸಿತು. ಮುಂದಿನ ವಾರ ಕೋರ್ಟ್ ಲೀಟ್ ಎಂಬ ಊರಿನ ಹಳೆಯ ನ್ಯಾಯಸಭೆ ಸೇರುತ್ತದೆ: ಊರಿನ ಡವ್‌ಕೋಟ್ ಇನ್ ಎಂಬ ಪಬ್ಬಿನಲ್ಲಿ. ತಪ್ಪು ಮಾಡಿದವರಿಗೆ ಅಲ್ಲಿ ಸಣ್ಣ ದಂಡ ಬೀಳುತ್ತದೆ. ದಂಡದ ಹಣಕ್ಕಿಂತ, ಊರವರೆದುರು ಹೆಸರು ಕೂಗಿಸಿಕೊಳ್ಳುವುದೇ ಹೆಚ್ಚು ನಾಚಿಕೆಯ ಸಂಗತಿಯಿರಬೇಕು ಎಂಬುದು ನನ್ನ ಊಹೆ.

1952ರಲ್ಲಿ ಸರ್ಕಾರದ ಕೃಷಿ ಸಚಿವಾಲಯವು ಈ ಜಮೀನನ್ನು ಕೊಂಡಿತು. 1981ರಲ್ಲಿ ಅದು ಬ್ರಿಟಿಷ್ ರಾಜಪೀಠದ ಆಸ್ತಿ ನೋಡಿಕೊಳ್ಳುವ ಕ್ರೌನ್ ಎಸ್ಟೇಟಿಗೆ, 2020ರಲ್ಲಿ ಹಳೆಯ ಮಾಲೀಕ ಮನೆತನದ ಥೋರ್ಸ್‌ಬಿ ಎಸ್ಟೇಟಿಗೆ ಹೋಯಿತು. ಉಳುಮೆಯೂ ಜ್ಯೂರಿಯೂ ನಿಲ್ಲಲಿಲ್ಲ.

ಬೇಸಿಗೆಯಲ್ಲಿ ಹೋದರೆ ಹಸಿರು ಚೆನ್ನಾಗಿರುತ್ತದೆ, ಆದರೆ ನವೆಂಬರೇ ಮೇಲು. ಗಮ್‌ಬೂಟು ಮಾತ್ರ ಮರೆಯಬೇಡಿ: ಅಲ್ಲಿನದು ಅಂಟು ಜೇಡಿಮಣ್ಣು, ನನ್ನ ಒಂದು ಶೂ ಮಿಲ್ ಫೀಲ್ಡಿನಲ್ಲೇ ಕಿತ್ತುಬಂತು.