ಪೋರ್ಚುಗಲ್‌ನ ಸಿನಿಮಾ ಸಂಗೀತ ಕೇಳಬೇಕು, ಯಾರಿಂದ ಶುರು ಮಾಡಲಿ? ಒಬ್ಬರನ್ನೇ ಹೇಳಿ, ಅವರ ಬದುಕಿನ ಬಗ್ಗೆಯೂ ತಿಳಿಸಿ.

ಕಾರ್ಲೋಸ್ ಪರೇಡೆಸ್ ಅವರಿಂದ ಶುರು ಮಾಡಿ. ಅಲ್ಲಿ ಸಿನಿಮಾಗೆ ಸಂಗೀತ ಕೊಟ್ಟವರು ತುಂಬಾ ಜನ ಇದ್ದಾರೆ. ಆದರೆ ಒಬ್ಬರನ್ನೇ ಹೇಳಿ, ಅವರ ಬದುಕಿನ ಬಗ್ಗೆಯೂ ತಿಳಿಸಿ ಅಂತ ನೀವು ಕೇಳಿದ್ದೀರಲ್ಲ, ನನಗೆ ಬೇರೆ ಹೆಸರು ಹೊಳೆಯುವುದೇ ಇಲ್ಲ.

ಮೊದಲು ವಾದ್ಯದ ಬಗ್ಗೆ ಹೇಳಿಬಿಡುತ್ತೇನೆ. ಅವರು ನುಡಿಸುತ್ತಿದ್ದದ್ದು ಪೋರ್ಚುಗೀಸ್ ಗಿಟಾರ್. ಹೆಸರು ಕೇಳಿ ನಮಗೆ ಗೊತ್ತಿರುವ ಗಿಟಾರ್ ಅಂದುಕೊಳ್ಳಬೇಡಿ. ಇದರ ಹೊಟ್ಟೆ ದುಂಡಗಿರುತ್ತದೆ. 12 ಲೋಹದ ತಂತಿಗಳು, ಎರಡೆರಡರಂತೆ 6 ಜೋಡಿ. ನಾನು ಕೆಲವು ವರ್ಷ ಮ್ಯಾಂಡೊಲಿನ್ ಕಲಿತವನು. ಜೋಡಿ ತಂತಿ ಒಟ್ಟಿಗೆ ಮಿಡಿದಾಗ ಬರುವ ಆ ಹೊಳಪು ನನಗೆ ಗೊತ್ತು. ಆದರೂ ಇದನ್ನು ಮೊದಲ ಸಲ ಕೇಳಿದಾಗ ಬೆಚ್ಚಿಬಿದ್ದೆ. ಲಿಸ್ಬನ್ನಿನ ಫಾದೋ ಎಂಬ ವಿಷಾದದ ಹಾಡುಗಳ ಜೊತೆ ನುಡಿಸುವ ಗಿಟಾರ್ ಒಂದು ಬಗೆ, ಕೊಯಿಂಬ್ರಾ ಊರಿನದು ಇನ್ನೊಂದು ಬಗೆ. ಕೊಯಿಂಬ್ರಾದ್ದು ಒಂದು ಸ್ವರ ಕೆಳಗಿನ ಶ್ರುತಿಯಲ್ಲಿರುತ್ತದೆ, ನಾದ ಇನ್ನೂ ಗಂಭೀರ. ಪರೇಡೆಸ್ ಹುಟ್ಟಿದ್ದು ಅದೇ ಕೊಯಿಂಬ್ರಾದಲ್ಲಿ, 1925ರಲ್ಲಿ. ತಂದೆ ಆರ್ತುರ್, ತಾತ ಗೊನ್ಸಾಲೊ ಇಬ್ಬರೂ ಹೆಸರಾಂತ ವಾದಕರು. ಹಾಡುವವರ ಹಿಂದೆ ಕೂತಿದ್ದ ವಾದ್ಯವನ್ನು ಒಂಟಿಯಾಗಿ ಮುಂದೆ ತಂದು ನಿಲ್ಲಿಸಿದ್ದು ಈ ಮನೆತನ.

ಇಷ್ಟೆಲ್ಲ ಇದ್ದರೂ ಅವರ ಹೊಟ್ಟೆಪಾಡಿನ ಕೆಲಸ ಏನು ಗೊತ್ತಾ? ಲಿಸ್ಬನ್ನಿನ ಸಾವೊ ಜೋಸೆ ಆಸ್ಪತ್ರೆಯಲ್ಲಿ ಗುಮಾಸ್ತಿಕೆ. ಎಕ್ಸ್‌ರೇ ಫಿಲ್ಮ್‌ಗಳನ್ನು ಜೋಡಿಸಿಡುವುದು, ಕೇಳಿದಾಗ ಹುಡುಕಿಕೊಡುವುದು. ಸಂಗೀತದ ಮೇಲಿನ ಪ್ರೀತಿ ಎಷ್ಟಿತ್ತೆಂದರೆ, ಅದರಿಂದಲೇ ಹೊಟ್ಟೆ ಹೊರೆಯಲು ಅವರಿಗೆ ಮನಸ್ಸಾಗಲಿಲ್ಲ. ಅದು ಸಲಜಾರ್ ಸರ್ವಾಧಿಕಾರದ ಕಾಲ. ನಿಷೇಧಿತ ಕಮ್ಯುನಿಸ್ಟ್ ಪಕ್ಷದವರು ಅಂತ 1958ರಲ್ಲಿ ರಹಸ್ಯ ಪೊಲೀಸರು ಅವರನ್ನು ಹಿಡಿದುಕೊಂಡು ಹೋದರು. ಸುಮಾರು ಒಂದೂವರೆ ವರ್ಷ ಜೈಲು. ಗಿಟಾರ್ ಕೈಯಲ್ಲಿ ಇರಲಿಲ್ಲ. ಕೋಣೆಯಲ್ಲಿ ಅತ್ತಿಂದಿತ್ತ ನಡೆಯುತ್ತಾ, ಬರಿಗೈಯಲ್ಲೇ ಬೆರಳಾಡಿಸುತ್ತಾ ಇದ್ದರಂತೆ. ಇವರಿಗೆ ತಲೆ ಕೆಟ್ಟಿದೆ ಅಂತ ಜೊತೆಯವರು ಅಂದುಕೊಂಡರಂತೆ. ನಿಜಕ್ಕೂ ಅವರು ತಲೆಯಲ್ಲೇ ರಾಗ ಕಟ್ಟುತ್ತಿದ್ದರು. ಹೊರಗೆ ಬಂದಾಗ ಸರ್ಕಾರಿ ಕೆಲಸ ಹೋಗಿತ್ತು.

ಸಿನಿಮಾ ಅವರ ಕೈ ಹಿಡಿದದ್ದು ಆಮೇಲೆಯೇ. 1963ರಲ್ಲಿ ಪಾಲೊ ರೋಶಾ ಎಂಬ ಹೊಸ ನಿರ್ದೇಶಕ 'ಓಸ್ ವೆರ್ದೆಸ್ ಆನೋಸ್' ಮಾಡಿದರು. 'ಹಸಿರು ವರ್ಷಗಳು' ಅಂತ ಅರ್ಥ, ಅಂದರೆ ಎಳೆ ಹರೆಯ. ಹಳ್ಳಿಯಿಂದ ಲಿಸ್ಬನ್ನಿಗೆ ಬಂದು ಚಪ್ಪಲಿ ಹೊಲಿಯುವ ಕೆಲಸಕ್ಕೆ ಸೇರಿದ ಹುಡುಗ, ಮನೆಗೆಲಸದ ಹುಡುಗಿಯೊಬ್ಬಳನ್ನು ಪ್ರೀತಿಸುತ್ತಾನೆ. ಕೊನೆ ಏನಾಗುತ್ತದೆ ಅಂತ ಹೇಳುವುದಿಲ್ಲ, ನೀವೇ ನೋಡಿ. ಪೋರ್ಚುಗಲ್‌ನ ಹೊಸ ಅಲೆಯ ಸಿನಿಮಾ ಶುರುವಾಗಿದ್ದು ಇಲ್ಲಿಂದ ಅಂತಾರೆ. ಅದಕ್ಕೆ ಸಂಗೀತ ಕೊಟ್ಟವರು ಪರೇಡೆಸ್. ದೊಡ್ಡ ವಾದ್ಯವೃಂದ ಇಲ್ಲ. ಹುಡುಗನ ಆಸೆ, ನಾಚಿಕೆ, ಊರು ಬಿಟ್ಟು ಬಂದ ದಿಗಿಲು, ಎಲ್ಲವೂ ಆ ತಂತಿಗಳಲ್ಲಿ ಕೇಳುತ್ತದೆ. ದಿನವಿಡೀ ದುಡಿಯುವ ಜನರ ನಡುವೆಯೇ ಇದ್ದವರು ಮಾಡಿದ ಸಂಗೀತ ಅಲ್ವಾ? ಅದಕ್ಕೇ ಅದರಲ್ಲಿ ಆ ಹುಡುಗನ ಮೇಲೆ ಒಂದಿಷ್ಟೂ ಕನಿಕರದ ಸೋಗಿಲ್ಲ, ಬರೀ ಅಕ್ಕರೆ. ಅದೇ ನಿರ್ದೇಶಕರ 1966ರ 'ಮುದಾರ್ ದೆ ವೀದಾ' ಸಿನಿಮಾಗೂ ಇವರದ್ದೇ ಸಂಗೀತ. ಅದು ಮೀನುಗಾರರ ಊರಿನ ಕಥೆ.

1967ರಲ್ಲಿ ಅವರ 'ಗಿಟಾರಾ ಪೋರ್ಚುಗೇಸಾ' ಆಲ್ಬಂ ಬಂತು. 'ಓಸ್ ವೆರ್ದೆಸ್ ಆನೋಸ್' ಸಿನಿಮಾದ ರಾಗವೂ ಅದರಲ್ಲಿದೆ. ನಾನು ಅದನ್ನು ಮೊದಲು ಕೇಳಿದ್ದು ಒಂದು ರಾತ್ರಿ, ಹೆಡ್‌ಫೋನ್ ಹಾಕಿಕೊಂಡು. ತಂತಿಯ ನಾದದ ಜೊತೆ ಇನ್ನೇನೋ ಸದ್ದು. ರೆಕಾರ್ಡಿಂಗ್ ಸರಿ ಇಲ್ಲ ಅಂದುಕೊಂಡೆ. ಹಿಂದಕ್ಕೆ ಹಾಕಿ ಮತ್ತೆ ಕೇಳಿದೆ. ಅದು ಅವರ ಉಸಿರು! ಬಿಗಿಯಾದ ಜಾಗ ಬಂದಾಗ ಮೂಗಿನಿಂದ ಜೋರಾಗಿ ಎಳೆದುಕೊಳ್ಳುತ್ತಾರೆ, ಸ್ವರ ಇಳಿದಾಗ ಬಿಡುತ್ತಾರೆ. ಈಗ ನನಗೆ ಆ ಉಸಿರಿಲ್ಲದೆ ಆ ರಾಗ ನೆನಪಿಗೇ ಬರುವುದಿಲ್ಲ.

1974ರ ಏಪ್ರಿಲ್ 25ರಂದು ಸರ್ವಾಧಿಕಾರ ಬಿತ್ತು. ಆಸ್ಪತ್ರೆಯ ಕೆಲಸ ವಾಪಸ್ ಸಿಕ್ಕಿತು. ಅಷ್ಟು ಹೊತ್ತಿಗೆ ದೇಶಕ್ಕೆಲ್ಲ ಗೊತ್ತಿದ್ದ ಹೆಸರು ಅವರದ್ದು. ಆದರೂ ಅದೇ ಕೆಲಸಕ್ಕೆ ಮರಳಿದರು. 1990ರಲ್ಲಿ ಅಮೆರಿಕದ ಜಾಝ್ ಬಾಸ್ ವಾದಕ ಚಾರ್ಲಿ ಹೇಡನ್ ಜೊತೆ ನುಡಿಸಿದ ಆಲ್ಬಂ ಬಂತು. 1993ರಲ್ಲಿ ಬೆನ್ನುಹುರಿಯ ಕಾಯಿಲೆ ಬಂದು ಬೆರಳು ನಿಂತವು. 2004ರ ಜುಲೈ 23ರಂದು ತೀರಿಕೊಳ್ಳುವವರೆಗೆ, ಹನ್ನೊಂದು ವರ್ಷ, ಅವರಿಗೆ ಗಿಟಾರ್ ನುಡಿಸಲಾಗಲಿಲ್ಲ. ಇದನ್ನು ಬರೆಯುವಾಗಲೂ ಸಂಕಟವಾಗುತ್ತದೆ.

ನೀವು ಮೊದಲು ಆ 1963ರ ಸಿನಿಮಾದ ರಾಗ 'ಕನ್ಸಾಂವ್ ವೆರ್ದೆಸ್ ಆನೋಸ್' ಒಂದನ್ನೇ ಕೇಳಿ, ಹೆಡ್‌ಫೋನಿನಲ್ಲಿ, ಬೇರೆ ಕೆಲಸ ಬದಿಗಿಟ್ಟು. ಹಿಂದೆ ಫೆರ್ನಾಂದೊ ಅಲ್ವಿಂ ಎಂಬುವರು ಮಾಮೂಲಿ ಗಿಟಾರ್‌ನಲ್ಲಿ ಸಾಥ್ ಕೊಡುತ್ತಾರೆ, ಅವರ ಕೈಯನ್ನೂ ಗಮನಿಸಿ. ಸಿನಿಮಾ ಮಾರನೇ ದಿನ ನೋಡಿ.